ಕದ ಮುಚ್ಚುವ ಮಾತು

"ನಿಮ್ಮಪ್ಪನ ಮನೆ ಗಂಟೆನಾ ಅದು, ಕೇಳ್ದಾಗೆಲ್ಲ ಬಾರ್ಸೋಕೆ?" ಎಂದಳು ಚಿಕ್ಕಮ್ಮ, ಕೈ ನಿಲ್ಲಿಸದೆ.

ಅವಳ ಮುಂದೆ ಕಂಬಳಿ ಸುತ್ತಿದ ಮರದ ಹಲಗೆಯಿತ್ತು. ಎದುರಿಗೆ ಕೂತ ನಾಲ್ಕೈದು ಹೆಂಗಸರು ಅವಳ ಕೈಯನ್ನೇ ನೋಡುತ್ತ ತಮ್ಮ ತಮ್ಮ ಹಲಗೆಗಳ ಮೇಲೆ ಬಡಿಯುತ್ತಿದ್ದರು. ಹತ್ತಿ ಮೂಟೆಗೆ ಗುದ್ದಿದಷ್ಟೂ ಸದ್ದಿಲ್ಲ. ಬಾಗಿಲಿಗೆ ಒರಗಿ ನಿಂತ ಕಿಡಿಗೆ ಆ ಮೌನ ನೋಡಿಯೇ ಮೈಯೆಲ್ಲ ಉರಿಯಿತು. ಹುಟ್ಟಿದಾಗಲೇ ಅತ್ತತ್ತು ಕೆಂಡವಾಗಿದ್ದನೆಂದು ಅಮ್ಮ ಇಟ್ಟ ಹೆಸರದು. ಸ್ಕೂಲು ಬಿಟ್ಟು, ಊರು ಬಿಟ್ಟು, ದೂರದ ಪಟ್ಟಣದಲ್ಲಿ ವೆಲ್ಡಿಂಗ್ ಕಲಿತ ಮೇಲೂ ಹೆಸರು ಬಿಡಲಿಲ್ಲ, ಸಿಟ್ಟೂ ಬಿಡಲಿಲ್ಲ.

ಗಂಟೆಗೋಪುರದ ಬುಡದ ಈ ಕೋಣೆಗೆ ಹೊತ್ತುನುಡಿ ನಿಲಯವೆಂದು ಬೋರ್ಡು ಹಾಕಿದ್ದರು. ಈ ಊರಿನ ಗಂಟೆ ಯಾವತ್ತೂ ಇಷ್ಟು ಗಂಟೆಯಾಯಿತೆಂದು ಎಣಿಸಿ ಹೇಳಿದ್ದಲ್ಲ, ಏಟುಗಳಲ್ಲೇ ಮಾತಾಡಿ ಹೇಳಿದ್ದು. ಬೇಕರಿಯ ಒಲೆ ಹೊತ್ತಿಸುವ ಹೊತ್ತಿಗೆ ಒಂದು ಮಾತು, ಮಿಲ್ಲಿನ ಪಾಳಿ ಬದಲಾಗುವಾಗ ಒಂದು, ದೀಪ ಹಚ್ಚುವಾಗ ಒಂದು. ಮನೆಮನೆಗೂ ಒಂದೊಂದು ಕರೆ ಬೇರೆ. ಕತ್ತಲಾದರೂ ಮನೆಯವರು ಬರಲಿಲ್ಲವೆಂದರೆ ಗೋಪುರಕ್ಕೆ ಹೇಳಿ ಕಳಿಸುತ್ತಿದ್ದರು. ಎಲ್ಲಿದ್ದರೂ ಆ ಮನೆಯವನಿಗೆ ಮಾತ್ರ ತಿಳಿಯುವಂತೆ ಗಂಟೆ ಕರೆಯುತ್ತಿತ್ತು. ಕೈಗೊಂದು ಫೋನು ಬಂದ ಮೇಲೆ ಕರೆ ಯಾರಿಗೆ ಬೇಕು? ಇರುವ ಮಾತಾದರೂ ಉಳಿಯಲೆಂದು ಊರವರು ನಿಲಯ ಕಟ್ಟಿದರು. ಅದರ ಕಟ್ಟಳೆ ಒಂದೇ, ಗಂಟೆ ಸುಳ್ಳು ಹೇಳಬಾರದು. ಬೆಳಗಿನ ಮಾತನ್ನು ಸಂಜೆ ಕಲಿಯುವುದಕ್ಕೂ ಬಾರಿಸುವಂತಿಲ್ಲ, ಅದಕ್ಕೇ ಈ ಮೂಗ ಹಲಗೆ. ರೆಕಾರ್ಡು ಮಾಡಲು ಬಂದವರನ್ನು ಅಮ್ಮ ಬಾಗಿಲಿನಿಂದಲೇ ಸಾಗಹಾಕಿದ್ದಳಂತೆ. ಡಬ್ಬಿಯೊಳಗೆ ಹಾಕಿದ ಗಂಟೆ ಹೊತ್ತುಗೊತ್ತಿಲ್ಲದೆ ಬೊಗಳುತ್ತದೆ ಎಂದಿದ್ದಳಂತೆ.

ಚಿಕ್ಕಮ್ಮನಿಗಿಂತ ಮೊದಲು ಅಮ್ಮನೇ ಇಲ್ಲಿ ಗಂಟೆಯ ಹಗ್ಗ ಹಿಡಿದವಳು. ನನ್ನ ನಂತರ ನೀನು ಎಂದದ್ದಕ್ಕೆ, ನಿನ್ನ ಹಗ್ಗಕ್ಕೆ ನಾನು ನೇಣು ಹಾಕಿಕೊಳ್ಳಲ್ಲ ಎಂದು ಕೂಗಿ ಅವನು ಹೊರಟದ್ದು. ಅವಳು ಸತ್ತ ಸುದ್ದಿ ಅವರಿವರ ಬಾಯಿ ದಾಟಿ ಅವನಿಗೆ ಮುಟ್ಟುವಷ್ಟರಲ್ಲಿ ಅವಳಿದ್ದ ಬಾಡಿಗೆ ಮನೆ ಖಾಲಿಯಾಗಿ ಬೀಗ ಬಿದ್ದಿತ್ತು. ಅವನಿಗೆ ಪಾತ್ರೆಪಗಡ ಬೇಕಿರಲಿಲ್ಲ. ಬೇಕಿದ್ದದ್ದು ಒಂದೇ, ಚಿಕ್ಕಂದಿನಲ್ಲಿ ಅಮ್ಮ ಅವನನ್ನು ಮನೆಗೆ ಕರೆಯುತ್ತಿದ್ದ ಆ ಕರೆ. ಅದು ಅವನಿಗೆ ಮರೆತುಹೋಗಿತ್ತು. ಮಲಗಿ ನೆನೆಸಿಕೊಂಡರೆ ಶುರುವಿನದು ಹೇಗೋ ಬರುತ್ತಿತ್ತು, ಆಮೇಲೆ ಗ್ರೈಂಡರಿನ ಕಿರುಚು, ಲಾರಿಯ ಹಾರನ್ನು. ಮರೆತೆನೆಂದು ಯಾರ ಮುಂದೆ ಹೇಳುವುದು?

"ಒಂದ್ಸಲ ಚಿಕ್ಕಮ್ಮ. ಕೇಳಿಸ್ಕೊಂಡು ಹೊರಟ್ಬಿಡ್ತೀನಿ."

"ಕರೆ ಅಂದ್ರೆ ಮನೇಲಿ ಯಾರೋ ಕಾಯ್ತಿದಾರೆ ಅಂತ. ಆ ಮನೇಲಿ ಈಗ ಯಾರಿದಾರೋ? ಬೀಗ ಕಾಯ್ತಿದ್ಯಾ?"

ಅವನು ಆಡಬಾರದ್ದೆಲ್ಲ ಆಡಿದ. ನೀವು ನುಡಿ ಉಳಿಸುತ್ತಿಲ್ಲ, ಹೆಣಕ್ಕೆ ಪೌಡರು ಬಳಿಯುತ್ತಿದ್ದೀರಿ ಎಂದ. ಬಾಯಿದ್ದೂ ಬಾಯಿ ಹೊಲಿದುಕೊಂಡವರೆಂದ. ಹೆಂಗಸರಲ್ಲೊಬ್ಬಳು ನಗು ತಡೆಯಲಾರದೆ ಸೆರಗು ಬಾಯಿಗಿಟ್ಟುಕೊಂಡಳು. ಚಿಕ್ಕಮ್ಮ ಅವರನ್ನೆಲ್ಲ ಟೀಗೆ ಕಳಿಸಿ, ಅವನನ್ನು ಎದುರು ಕೂರಿಸಿಕೊಂಡು, ಅವನ ಕರೆಯನ್ನು ಹಲಗೆಯ ಮೇಲೆ ಬಡಿದಳು. ಎರಡು ಜೋಡಿ ಏಟು. ಒಂದು ಬಿಡಿ ಏಟು. ಕೈ ಗಾಳಿಯಲ್ಲೇ ನಿಂತಿತು, ಇಳಿಯುತ್ತದೋ ಇಲ್ಲವೋ ಎಂಬಷ್ಟು ಹೊತ್ತು. ಆಮೇಲೆ ತಟ್ಟಿ ಮಲಗಿಸಿದ ಹಾಗೆ ಮೆತ್ತಗೆ ಮೂರು. ಅವನು ಬಗ್ಗಿ ಹಲಗೆಗೆ ಕಿವಿ ಹಚ್ಚಿದ. ಕಂಬಳಿಯ ಉಣ್ಣೆ ಚುಚ್ಚಿತು. ಮತ್ತೆ ಬಡಿದಳು. ಯಾರೋ ಪಕ್ಕದ ಮನೆಯಲ್ಲಿ ಹಾಸಿಗೆ ಕೊಡವಿದ ಹಾಗಿತ್ತು, ಅಷ್ಟೇ.

"ನೆನಪಾಯ್ತಾ?"

ಆಯಿತೆಂದು ಸುಳ್ಳು ಹೇಳಿ ಬ್ಯಾಗು ಹೆಗಲಿಗೇರಿಸಿದ. ಸಂಜೆ ಬಸ್ಸಿದೆ ಎಂದ.

"ಊಟ ಮಾಡ್ಕೊಂಡು ಹೋಗೋ."

"ಯಾರ ಮನೇಲಿ?"

ಚಿಕ್ಕಮ್ಮ ಕಂಬಳಿಯ ಮೇಲೆ ಅವನ ಕಿವಿ ಒತ್ತಿದ್ದ ಜಾಗವನ್ನು ಅಂಗೈಯಿಂದ ಸವರಿ ಸರಿಮಾಡಿದಳು.

ಬಸ್ ಸ್ಟ್ಯಾಂಡಿನ ಕಲ್ಲುಬೆಂಚಿನ ಮೇಲೆ ಕೂತಾಗ ದೀಪದ ಮಾತು ಕೇಳಿತು. ಅಂಗಡಿಗಳಲ್ಲಿ ಒಂದೊಂದಾಗಿ ಲೈಟು ಹತ್ತಿತು. ಇನ್ನು ಸ್ವಲ್ಪ ಹೊತ್ತಿಗೆ ಕದ ಮುಚ್ಚುವ ಮಾತು. ಕಾಯುತ್ತಿದ್ದವರೆಲ್ಲ ಮನೆ ಸೇರಿದರು, ಇನ್ನು ಬಾಗಿಲು ಹಾಕಿಕೊಳ್ಳಿ ಎಂಬ ಮಾತದು. ಈ ಬೀದಿಯವರು ಅದನ್ನು ಕೇಳಿಯೇ ಶಟರ್ ಎಳೆಯುವುದು. ಅದೂ ಕಿವಿಗೆ ಬೀಳಲಿ, ಅಲ್ಲಿಗೆ ಈ ಊರಿನ ಋಣ ಹರಿಯಿತೆಂದು ಅವನು ಹಲ್ಲುಕಚ್ಚಿ ಕೂತ.

ಮಾತು ಬರಲಿಲ್ಲ. ಬೇಕರಿಯವನು ಶಟರನ್ನು ಅರ್ಧಕ್ಕೆ ಎಳೆದು ಗೋಪುರದ ಕಡೆ ನೋಡಿದ. ಔಷಧಿ ಅಂಗಡಿಯವನು ಹೊರಗೆ ಬಂದು, ಮುದುಕಿ ನಿದ್ದೆಹೋದಳೋ ಏನೋ ಎಂದ.

"ನಿದ್ದೆ ಎಲ್ಲಿಂದ ಬರ್ಬೇಕು, ಇದು ಇವರ ಮನೆತನದ ಕಾಯಿಲೆ," ಎಂದ ಬೇಕರಿಯವನು. ಬೆಂಚಿನ ಮೇಲಿದ್ದವನನ್ನು ಪರಸ್ಥಳದವನೆಂದು ತಿಳಿದು ಅವನಿಗೂ ಹೇಳಿದ: "ಇವಳ ಅಕ್ಕ ಅಂತ ಒಬ್ಬಳಿದ್ಲು ಸಾರ್. ಮಗ ಓಡಿಹೋದ. ಆವತ್ತಿಂದ ಸಾಯೋವರ್ಗೂ ಕದದ ಮಾತು ಬಾರಿಸ್ಲೇ ಇಲ್ಲ. ಬೈದ್ವಿ, ಕಾಲು ಹಿಡ್ಕೊಂಡ್ವಿ. ಇನ್ನೂ ಒಬ್ಬ ಬರ್ಬೇಕು, ಹೆಂಗೆ ಸುಳ್ಳು ಬಾರಿಸ್ಲಿ ಅನ್ನೋಳು. ಕೊನೆಗೆ ನಮ್ಮಷ್ಟಕ್ಕೆ ನಾವೇ ಮುಚ್ಕೊಳ್ಳೋದು ಕಲ್ತ್ವಿ. ಈ ತಂಗಿ ಬಂದ್ಮೇಲೆ ಸರಿಹೋಗಿತ್ತು. ಇವತ್ತು ಇವಳಿಗ್ಯಾರು ಬರ್ಬೇಕಾಗಿದ್ಯೋ."

ಬಸ್ಸು ಬಂದು ನಿಂತಿತು. ಕಂಡಕ್ಟರು ಕೆಳಗಿಳಿದು, ಹತ್ತುವವರಿದ್ದರೆ ಬೇಗ ಹತ್ತಿ ಎಂದು ಬಾಗಿಲು ತಟ್ಟಿದ. ಕಿಡಿ ಬ್ಯಾಗು ಹಿಡಿದು ಎದ್ದ. ಬೀದಿಯುದ್ದಕ್ಕೂ ಅಂಗಡಿಯವರು ಅರ್ಧ ಎಳೆದ ಶಟರುಗಳಿಗೆ ಕೈ ಕೊಟ್ಟು, ಕತ್ತು ಮೇಲೆತ್ತಿ, ಗೋಪುರವನ್ನೇ ನೋಡುತ್ತ ನಿಂತಿದ್ದರು. ಶಟರುಗಳ ಕೆಳಗಿಂದ ಬಿದ್ದ ಬೆಳಕಿನ ಪಟ್ಟಿಗಳನ್ನು ಒಂದೊಂದಾಗಿ ದಾಟುತ್ತ ಅವರ ಮುಂದೆಯೇ ಅವನು ಗೋಪುರದ ಕಡೆಗೆ ನಡೆದು ಹೋದ. ಯಾರೂ ಅವನ ಕಡೆ ನೋಡಲಿಲ್ಲ.