ಅಣ್ಣನ ಹಾಗೆ ಮಾತಾಡುವ ಆಡು

ಪದ್ಮಶ್ರೀ ನೆಲದ ಮೇಲೆ ಕೂತು, ಕೈಯಲ್ಲಿ ಹಿಡಿದು ಆಡುವ ಎರಡು ವೀಡಿಯೋ ಗೇಮ್ ಮಷೀನುಗಳನ್ನು ಅಕ್ಕಪಕ್ಕ ಇಟ್ಟುಕೊಂಡು, ಹೊಸದರ ಪರದೆಯ ಮೇಲೆ ತೆವಳುತ್ತಿದ್ದ ಹಸಿರು ಗೆರೆಯನ್ನೇ ನೋಡುತ್ತಿದ್ದಳು. ಗೆರೆ ಅರ್ಧದಾರಿಯಲ್ಲಿ ನಿಂತುಬಿಟ್ಟಿತು. ಮುಂದಿನ ಅಂಗಳದಲ್ಲಿ, ಶಾಮಿಯಾನದ ಕೆಳಗೆ, ಅವಳ ಗಂಡ ಬಾಲರಾಜು ಐಸ್ ಪೆಟ್ಟಿಗೆಯೊಳಗೆ ಮಲಗಿದ್ದ. ತಮಟೆಯವರು ಪೇಪರಿಗೆ ಬೆಂಕಿ ಹಚ್ಚಿ ತಮಟೆ ಕಾಯಿಸುತ್ತಿದ್ದ ಹೊಗೆ ಕೋಣೆಯವರೆಗೂ ಬಂದಿತ್ತು.

“ನಿಂತೋಯ್ತಾ ಸಲ್ಮಾನ್?”

“ನಿಂತಿಲ್ಲ ಅಕ್ಕಾ, ಯೋಚ್ನೆ ಮಾಡ್ತಿದೆ,” ಎಂದ ಸಲ್ಮಾನ್, ಹಿತ್ತಲ ಬಾಗಿಲ ಮೆಟ್ಟಿಲ ಮೇಲೆ ಕುಕ್ಕರಗಾಲಲ್ಲಿ ಕೂತು. ಯಲಹಂಕದಲ್ಲಿ ಮೊಬೈಲ್ ರಿಪೇರಿ ಅಂಗಡಿ ಇಟ್ಟಿದ್ದ ಅವನು ಬಾಲರಾಜುವಿಗಿದ್ದ ಒಬ್ಬನೇ ಗೆಳೆಯ. ಹಾರ ಹಿಡಿದು ಬಂದವನಿಗೆ ಪದ್ಮಶ್ರೀಯೇ ಹಿಂದಿನಿಂದ ಬರಲು ಸನ್ನೆ ಮಾಡಿದ್ದಳು. “ಹಳೇದನ್ನ ಮಾತ್ರ ಅಲ್ಲಾಡಿಸ್ಬೇಡಿ. ಬ್ಯಾಟರಿ ಊದ್ಕೊಂಡಿದೆ. ವೈರ್ ಸ್ವಲ್ಪ ತಪ್ಪಿದ್ರೂ ಸತ್ತೋಗತ್ತೆ.” ಅಂದಮೇಲೆ ನಾಲಿಗೆ ಕಚ್ಚಿಕೊಂಡ.

“ಆಮೇಲೆ ಎರಡರಲ್ಲೂ ಇರತ್ತಾ?”

“ಇಲ್ಲ ಅಕ್ಕಾ. ಇದು ಕಾಪಿ ಹೊಡೆಯೋದಲ್ಲ, ಮನೆ ಖಾಲಿ ಮಾಡೋದು. ಪಾತ್ರೆ ಪಗಡೆ ಎಲ್ಲ ಹೊಸ ಮನೆಗೆ ಬಂದ್ಮೇಲೆ ಹಳೇ ಮನೇಲಿ ಬರೀ ಮೊಳೆ ಉಳಿಯುತ್ತೆ.”

ಬೆಳಗ್ಗೆಯೇ ಅತ್ತೆ ಪಟಾಲಮ್ಮ ಹೇಳಿಬಿಟ್ಟಿದ್ದಳು: ಅವನಿಗೆ ಏನೇನು ಇಷ್ಟವೋ ಎಲ್ಲ ಅವನ ಜೊತೆ ಗುಂಡಿಗೆ ಹೋಗಬೇಕು. ಆ ಮನೆಯಲ್ಲಿ ಅದು ಮೊದಲಿನಿಂದ ಬಂದ ಪದ್ಧತಿ. ಮಾವ ದೊಡ್ಡಮುನಿಯಪ್ಪ ತನ್ನ ನಶ್ಯದ ಡಬ್ಬಿ, ರೇಡಿಯೋ ಸಮೇತ ಹೋಗಿದ್ದ. “ಆ ಆಟದ ಪೆಟ್ಟಿಗೆ ಐತಲ್ಲ, ಅದ್ನೂ ಎತ್ತಿಡವ್ವ” ಅಂದಾಗ ಪದ್ಮಶ್ರೀ ತಲೆಯಾಡಿಸಿದ್ದಳು. ಹಳೆಯದು ಹೋಗಲಿ. ಹೋಗುವ ಮುಂಚೆ ಅದರೊಳಗಿನದು ಹೊಸದಕ್ಕೆ ಬಂದರೆ ಸಾಕು. ಅವಳಿಗೆ ಬೇಕಿದ್ದುದು ಅದೊಂದೇ.

“ಏನಮ್ಮಾ, ಸೀರೆ ಉಡಾಕೆ ಇಷ್ಟೊತ್ತಾ?” ಮುಂಬಾಗಿಲ ಕಡೆಯಿಂದ ಭಾವ ಮುನಿಯಣ್ಣನ ದನಿ. “ಜನ ಕೇಳ್ತಾವ್ರೆ ಎಂಡ್ತಿ ಎಲ್ಲಿ ಅಂತ.”

“ಬಂದೆ ಭಾವ.”

ಗೆರೆ ಅಲುಗಿತು. ಯೋಚನೆ ಮುಗಿಸಿ ಒಮ್ಮೆಲೇ ಕೊನೆಯವರೆಗೆ ಓಡಿತು. ಸಲ್ಮಾನ್ ಎದ್ದು ಬಂದು ಬಗ್ಗಿ ನೋಡಿ, “ಬಂತು ಅಕ್ಕಾ, ಫುಲ್ ಬಂತು,” ಎಂದ. ಪದ್ಮಶ್ರೀ ಹೊಸದರಲ್ಲಿ ಆಟ ತೆರೆದಳು. ಕೊಳ, ಮರ, ಪುಟ್ಟ ಪುಟ್ಟ ಮನೆ. ಮರದ ಹಿಂದಿನಿಂದ ಬಿಳಿ ಆಡೊಂದು ಅಂಗಿ ಹಾಕಿಕೊಂಡು ಓಡಿ ಬಂದು ಎದುರು ನಿಂತಿತು. ಅದರ ತಲೆಯ ಮೇಲೆ ಇಂಗ್ಲಿಷ್ ಅಕ್ಷರದ ಕನ್ನಡ ಮೂಡಿತು: ‘ನಾ ಆಗ್ಲೇ ಏಳ್ದೆ.’

ಎರಡು ದಿನದಿಂದ ಒಣಗಿದ್ದ ಕಣ್ಣು ಆಗ ಒದ್ದೆಯಾಯಿತು.

* * *

ಹೆಸರಿನಲ್ಲಿ ಬಾಲವೂ ಇತ್ತು, ರಾಜನೂ ಇದ್ದ. ಮನೆಯವರು ಬಳಸಿಕೊಂಡಿದ್ದು ಬಾಲವನ್ನು ಮಾತ್ರ; ರಾಜಣ್ಣ ಅನ್ನುತ್ತಿದ್ದವನು ಸಲ್ಮಾನ್ ಒಬ್ಬನೇ. ಮುನಿಯಣ್ಣ ಎಲ್ಲೋ ಅಲ್ಲೇ, ಅವನ ಹಿಂದೆ ಬಾಲವಾಗಿ, ಬಾಲರಾಜು. ಅಣ್ಣನಿಗೆ ಬಿಗಿಯಾದ ಅಂಗಿ, ಅಣ್ಣನಿಗೆ ಸಾಕಾದ ಸೈಕಲ್ಲು, ಅಣ್ಣ ಕೆಡವಿದ ಬೈಕು, ಅಣ್ಣನ ಕಿವಿ ಸವೆಸಿದ ಫೋನು, ಎಲ್ಲ ಸುತ್ತಿ ಬಳಸಿ ತಮ್ಮನ ಹತ್ತಿರ ಬರುತ್ತಿದ್ದವು. ಅಟ್ಟೂರಿನ ಹೊಲ ಲೇಔಟ್ ಆದಾಗ ಅಣ್ಣ ಬಿಲ್ಡರ್ ಆದ, ತಮ್ಮ ಅಣ್ಣನ ನೀರಿನ ಟ್ಯಾಂಕರಿಗೆ ಡ್ರೈವರ್ ಆದ. ಆ ಟ್ಯಾಂಕರನ್ನೂ ಇನ್ಯಾರೋ ಓಡಿಸಿ ಹಳತು ಮಾಡಿದ್ದರು.

“ನನ್ ಚಿಕ್ ಮಗಂಗೆ ಬಾಯಿಲ್ಲ,” ಎಂದು ಪಟಾಲಮ್ಮ ಬಂದವರಿಗೆಲ್ಲ ಹೇಳುತ್ತಿದ್ದಳು. ಹೊಗಳಿಕೆಯೋ ದೂರೋ ಅವಳಿಗೇ ಗೊತ್ತಿರಲಿಲ್ಲ.

ಬಾಯಿ ಇತ್ತು. ಒಂದಲ್ಲ, ಊರಿನವರದ್ದೆಲ್ಲ ಇತ್ತು. ಮಧ್ಯಾಹ್ನ ಊಟಕ್ಕೆ ಬಂದು ಚಿಲಕ ಹಾಕಿದರೆ ಮುಗಿಯಿತು, ಕೋಣೆಯಲ್ಲಿ ಅಪಾರ್ಟ್‌ಮೆಂಟಿನ ಸೆಕ್ರೆಟರಿ ಪ್ರತ್ಯಕ್ಷ: “ಹಲೋ ಟ್ಯಾಂಕರ್, ವಾಟರ್ ಯಾಕ್ರೀ ಟೀ ಥರ ಇದೆ? ಶುಗರ್ ನಾವೇ ಹಾಕ್ಕೋಬೇಕಾ?” ಅವನ ಹಿಂದೆಯೇ ಅಮ್ಮ, ಅಮ್ಮನ ಹಿಂದೆ ಎದೆಯುಬ್ಬಿಸಿಕೊಂಡು ಅಣ್ಣ. ಪದ್ಮಶ್ರೀ ನಕ್ಕು ನಕ್ಕು ಹೊಟ್ಟೆ ಹಿಡಿದುಕೊಂಡು, “ಸಾಕು ಬನ್ನಿ, ಸಾರು ಆರೋಗತ್ತೆ,” ಅಂದರೆ, “ಸಾಕು ಬನ್ನಿ, ಸಾರು ಆರೋಗತ್ತೆ,” ಎಂದು ಅವಳದ್ದೇ ದನಿ ತಟ್ಟೆಯ ಆ ಕಡೆಯಿಂದ ಬರುತ್ತಿತ್ತು. ಒಂದು ಸಲ ನಾಮಕರಣದ ಮನೆಯಲ್ಲಿ ಅವಳು ಒತ್ತಾಯ ಮಾಡಿದಳು. ಎದ್ದು ನಿಂತು ಬಾಯಿ ತೆರೆದ. ಮುನಿಯಣ್ಣ ತಿರುಗಿ ನೋಡಿದ. ತೆರೆದ ಬಾಯನ್ನು ಏನು ಮಾಡಬೇಕೆಂದು ತಿಳಿಯದೆ ಬಾಲರಾಜು ಕೆಮ್ಮಿ ಕೂತ.

ಮಕ್ಕಳಾಗಲಿಲ್ಲ. ಆಟದ ಮಷೀನು ಬಂದಿದ್ದು ಸಲ್ಮಾನನ ಅಂಗಡಿಯಿಂದ, ಯಾರೋ ಆಡಿ ಬಿಟ್ಟಿದ್ದು, ಪರದೆಯ ಮೂಲೆ ಸೀಳಿದ್ದು. ಅದರೊಳಗೊಂದು ಊರು. ಗಿಡ ನೆಡಬೇಕು, ಮೀನು ಹಿಡಿಯಬೇಕು, ಬಂದು ನೆಲೆಸುವ ಪ್ರಾಣಿಗಳಿಗೆ ಮನೆ ಕೊಡಬೇಕು. ಒಂದೊಂದು ಪ್ರಾಣಿಗೂ ಒಂದೊಂದು ಮಾತು ಕಲಿಸಬಹುದು. ಕಲಿಸಿದ್ದನ್ನು ಅದು ಸಿಕ್ಕಾಗಲೆಲ್ಲ ಹೇಳುತ್ತದೆ. ಇದು ತಿಳಿದ ದಿನ ಬಾಲರಾಜು ಅನ್ನಕ್ಕೆ ಕೈ ತೊಳೆಯುವುದನ್ನೂ ಮರೆತ. ಆಡಿಗೆ ಅಣ್ಣನ ಬಾಯಿ ಕೊಟ್ಟ. ಕೋಳಿಗೆ ‘ಉಂಡ್ಯೇನ್ಲಾ’ ಕಲಿಸಿದ. ಮೊಲ ‘ಸಾಕು ಬನ್ನಿ’ ಅನ್ನತೊಡಗಿತು.

“ಭಾವ ನೋಡಿದ್ರೆ?”

“ತಮ್ಮನ ಮಾತೇ ಕೇಳಲ್ಲ, ಇನ್ನು ಆಡಿನ ಮಾತು ಕೇಳ್ತಾನಾ?”

“ನೀವು ಯಾವ ಪ್ರಾಣಿ?”

ಅವನು ಪರದೆಯ ನಡುವೆ ಟೋಪಿ ಹಾಕಿಕೊಂಡು ನಿಂತಿದ್ದ ಗೊಂಬೆಯ ಮೇಲೆ ಬೆರಳಿಟ್ಟ. “ಇವ್ನೇ. ಆಟ ಆಡೋನು.”

“ಇವ್ನು ಏನಂತಾನೆ?”

“ಇವ್ನಿಗೆ ಮಾತಿಲ್ಲ ಪದ್ದು. ಎಲ್ರು ಹೇಳಿದ್ದಕ್ಕೂ ತಲೆ ಆಡಿಸ್ತಾನೆ, ಅಷ್ಟೇ. ಕಂಪನಿಯೋರಿಗೆ ನನ್ ವಿಷ್ಯ ಯಾರ್ ಹೇಳಿದ್ರೋ!”

ಮಷೀನಿನ ಬ್ಯಾಟರಿ ಊದತೊಡಗಿದಾಗ ಸಲ್ಮಾನ್ ಇನ್ನೊಂದು ಹಳೆಯದನ್ನು ಹುಡುಕಿಕೊಡುತ್ತೇನೆ ಅಂದ. ಬಾಲರಾಜು ಬೇಡವೆಂದ. “ಒಂದ್ಸಲನಾದ್ರೂ ಡಬ್ಬಿ ಸೀಲು ನಾನೇ ಒಡೀಬೇಕು ಗುರು.” ಹೊಸದು ತಂದು ಮಂಚದ ಮೇಲಿಟ್ಟ. ಒಡೆಯಲಿಲ್ಲ. ಹೋಗುವಾಗ ಬರುವಾಗ ಡಬ್ಬಿಯ ಮೇಲೆ ಕೈ ಸವರುತ್ತಿದ್ದ. “ಭಾನುವಾರ ಸಲ್ಮಾನ್ ಬರ್ತಾನೆ, ಆರಾಮಾಗಿ ಊರು ಶಿಫ್ಟ್ ಮಾಡಣ.”

ಶುಕ್ರವಾರ ಬೋರ್‌ವೆಲ್ ಹತ್ತಿರ ಟ್ಯಾಂಕರಿಗೆ ಪೈಪು ಹಾಕಿ ಕ್ಯಾಬಿನ್ನಿನಲ್ಲಿ ಕೂತವನು ಇಳಿಯಲಿಲ್ಲ. ಟ್ಯಾಂಕು ತುಂಬಿತು, ಉಕ್ಕಿತು, ನೀರು ರಸ್ತೆಗಿಳಿದು ಸರ್ಕಲ್ ತನಕ ಹರಿಯಿತು. ನೀರು ಪೋಲು ಮಾಡುತ್ತಿದ್ದಾನೆಂದು ಬೈಯಲು ಬಂದವರು ಬಾಗಿಲು ತೆರೆದರು. ಎದೆ ಒಡೆದು ಆಗಲೇ ಹೋಗಿಬಿಟ್ಟಿದ್ದ.

ಡಬ್ಬಿಯ ಸೀಲನ್ನು ಇವತ್ತು ಪದ್ಮಶ್ರೀಯೇ ಒಡೆದಳು.

* * *

ಶಾಮಿಯಾನದ ಕೆಳಗೆ ಅವಳನ್ನು ತಂದು ಹೆಣದ ತಲೆಯ ಕಡೆ ಕೂರಿಸಿದರು. ಪಕ್ಕದಲ್ಲಿ ಬಿದಿರಿನ ಮಂಕರಿ ಇತ್ತು. ಅದರಲ್ಲಿ ಅವನ ಲುಂಗಿ, ಚಪ್ಪಲಿ, ಬಾಚಣಿಗೆ, ಖಾರಾಬೂಂದಿ ಪೊಟ್ಟಣ, ಹಳೆಯ ಮಷೀನು. ಮುನಿಯಣ್ಣ ಬಂದವರಿಗೆ ವಿಷಯ ಒಪ್ಪಿಸುತ್ತಿದ್ದ.

“ನಾ ಆಗ್ಲೇ ಏಳ್ದೆ. ಬಿಪಿ ಚೆಕ್ ಮಾಡ್ಸ್ಕೊಳ್ಲಾ ಅಂತ ಮೂರ್ ಕಿತ ಏಳ್ದೆ.”

ಪದ್ಮಶ್ರೀಗೆ ಅಂಗಿ ತೊಟ್ಟ ಆಡು ಕಣ್ಣ ಮುಂದೆ ಬಂತು. ಗಂಟಲಿನಿಂದ ಹೊರಬಿದ್ದ ನಗೆಯನ್ನು ತಡೆಯಲು ಸೆರಗನ್ನು ಬಾಯಿಗೆ ತುರುಕಿಕೊಂಡಳು. ಮೈ ಕುಲುಕುವುದನ್ನು ನೋಡಿ ಹೆಂಗಸರು ಬೆನ್ನು ಸವರಿದರು. “ಅಳ್ಲಿ ಬುಡಿ, ಅಳ್ಲಿ. ಬೆಳಗ್ಗಿಂದ ಕಲ್ಲಾಗಿ ಕುಂತಿದ್ಲು.”

ಮುನಿಯಣ್ಣನ ಫೋನು ರಿಂಗಾಯಿತು. ಅವನು ಎರಡು ಹೆಜ್ಜೆ ಆಚೆ ಹೋಗಿ, ದನಿ ತಗ್ಗಿಸಿ, “ಇಲ್ಲ ಸಾರ್, ಲೋಡ್ ನಾಳೆ ಕಳಿಸ್ತೀನಿ. ಇವತ್ತು ಡ್ರೈವರ್ ರಜಾ,” ಎಂದ. ಫೋನು ಜೇಬಿಗಿಟ್ಟವನು ಅಲ್ಲೇ ಗೋಡೆಗೆ ಮುಖ ಮಾಡಿ ಸ್ವಲ್ಪ ಹೊತ್ತು ನಿಂತ.

ಪಟಾಲಮ್ಮ ಮಂಕರಿಯಿಂದ ಹಳೆಯ ಮಷೀನನ್ನು ಎತ್ತಿಕೊಂಡಳು. ಸೀಳಿದ ಮೂಲೆಯ ಮೇಲೆ ಹೆಬ್ಬೆರಳು ಆಡಿಸಿದಳು.

“ಇದೇನವ್ವ, ಒಡ್ದೋಗೈತೆ?”

“ಹಳೇದು ಅತ್ತೆ. ಅವ್ರು ಆಡ್ತಿದ್ದಿದ್ದು ಇದ್ರಲ್ಲೇ.”

“ಒಸ್ದು ತಂದವ್ನೆ ಅಂದಿದ್ಯಲ್ಲ?”

ಪದ್ಮಶ್ರೀ ಹಳೆಯದನ್ನು ಅವಳ ಕೈಯಿಂದ ತೆಗೆದು ಮತ್ತೆ ಮಂಕರಿಗಿಟ್ಟಳು.

“ನೋಡವ್ವ,” ಮುದುಕಿ ಅವಳ ಎರಡೂ ಕೈ ಹಿಡಿದುಕೊಂಡಳು. “ಉಟ್ದಾಗಿಂದ ಅವಂಗೆ ಒಂದು ಒಸಾ ಅಂಗಿ ಒಲಿಸ್ಲಿಲ್ಲ ಕಣವ್ವ ನಾನು. ಅವ್ನಣ್ಣಂದೇ ಚಿಕ್ದ್ ಮಾಡ್ಸಿ ಆಕ್ದೆ. ಕೇಳ್ಲಿಲ್ಲ ಅವ್ನು, ನಾ ಕೊಡ್ಲಿಲ್ಲ. ಇವತ್ತೂ ಒಡ್ದೋಗಿರಾದ್ನ ಕೊಟ್ಟು ಕಳಿಸ್ಲಾ? ಒಸ್ದು ತತ್ತಾ.”

“ಅಜ್ಜೀ, ಹಳೇದೇ ಇರ್ಲಿ, ರಾಜಣ್ಣಂಗೆ ಅದೇ ಇಷ್ಟ—” ಸಲ್ಮಾನ್ ಬಾಯಿ ಹಾಕಿದ.

“ನೀನ್ ಸುಮ್ಕಿರಯ್ಯ,” ಮುನಿಯಣ್ಣ ತಿರುಗಿದ. ಕಣ್ಣು ಕೆಂಪಾಗಿತ್ತು. “ಒಸ್ದುನ್ನ ಅಂಗ್ಡಿಗೆ ವಾಪಸ್ ಒಯ್ಯಾನ ಅಂತ ಬಂದ್ಯಾ? ನನ್ ತಮ್ಮಂಗೆ ಅವ್ವ ಕೊಡ್ತಾ ಅವ್ಳೆ. ಯಾರೂ ಅಡ್ಡ ಬರ್ಬ್ಯಾಡಿ.”

ಸಲ್ಮಾನ್ ಎದ್ದು ಚಪ್ಪಲಿ ರಾಶಿಯ ಕಡೆ ಹೋಗಿ ನಿಂತ. ಅಲ್ಲಿಂದ ಅವನು ನೋಡಿದ್ದು ಪದ್ಮಶ್ರೀಯನ್ನು ಮಾತ್ರ.

ಯಾರೋ ಒಳಗೆ ಹೋಗಿ ಹೊಸದನ್ನು ತಂದೇಬಿಟ್ಟರು. ಆನ್ ಮಾಡಿ ತೋರಿಸಿಬಿಡಲೇ ಎಂದು ಪದ್ಮಶ್ರೀ ಅಂದುಕೊಂಡಳು. ಆದರೆ ತೆರೆದೊಡನೆ ಓಡಿ ಬಂದು ಎದುರು ನಿಲ್ಲುವುದು ಆ ಆಡೇ. ಇಂಗ್ಲಿಷ್ ಅಕ್ಷರ ಕೂಡಿಸಿ ಓದಬಲ್ಲ ಮುನಿಯಣ್ಣ ಪಕ್ಕದಲ್ಲೇ ಇದ್ದ. ಬದುಕಿದ್ದಷ್ಟು ದಿನ ಅಣ್ಣನ ಕಣ್ಣಿಗೆ ಬೀಳದಂತೆ ಮುಚ್ಚಿಟ್ಟಿದ್ದನ್ನು ಹೆಣದ ಮುಂದೆ ಬಿಚ್ಚುವುದೇ?

“ಅತ್ತೆ,” ಎಂದಳು. ದನಿ ತನ್ನದೇ ಅನ್ನಿಸಲಿಲ್ಲ. “ಇದು ಬೇಡ. ಇದ್ರೊಳಗೆ ಅವ್ರ ಮಾತಿದೆ. ಅವ್ರು ಆಡಿದ್ದೆಲ್ಲ ಇದ್ರಲ್ಲೇ ಇರೋದು. ಇನ್ನೆಲ್ಲೂ ಇಲ್ಲ.”

ಪಟಾಲಮ್ಮ ಮಷೀನನ್ನು ಕಣ್ಣ ಹತ್ತಿರ ಹಿಡಿದಳು. ಕಪ್ಪು ಪರದೆಯಲ್ಲಿ ಅವಳ ಮುಖವೇ ಕಾಣುತ್ತಿತ್ತು.

“ಮಾತಾ? ಮಾತಾಡ್ತಿದ್ನಾ ಅವ್ನು?”

“ತುಂಬಾ.”

“ನನ್ತಾವ ಒಂದ್ ಮಾತೂ ಆಡ್ಲಿಲ್ವಲ್ಲವ್ವ...” ಮುದುಕಿ ಅದನ್ನು ಸೆರಗಿನಿಂದ ಒರೆಸಿದಳು, ಮಗುವಿನ ಮುಖ ಒರೆಸಿದಂತೆ, ಮೂಲೆಮೂಲೆ ಬಿಡದೆ. “ಅಂಗಾದ್ರೆ ಇದೇ ಓಗ್ಬೇಕು ಕಣವ್ವ ಅವನ್ ಜೊತೆ. ಅಲ್ಲೂ ಬಾಯಿಲ್ದೋನ್ ಮಾಡಿ ಕಳಿಸ್ಲಾ?”

ತಮಟೆ ಶುರುವಾಯಿತು.

* * *

ಮಾರದೆ ಉಳಿಸಿಕೊಂಡಿದ್ದ ನೆಲ ಎರಡು ಅಪಾರ್ಟ್‌ಮೆಂಟುಗಳ ಕಾಂಪೌಂಡಿನ ನಡುವೆ ಓಣಿಯಷ್ಟಿತ್ತು. ದೊಡ್ಡಮುನಿಯಪ್ಪನ ಸಮಾಧಿಯ ಮಗ್ಗುಲಲ್ಲಿ ಜೆಸಿಬಿ ಗುಂಡಿ ತೋಡಿ, ಬದಿಗೆ ಸರಿದು, ಇಂಜಿನ್ ಆರಿಸದೆ ಕಾಯುತ್ತಿತ್ತು. ಮೇಲಿನ ಬಾಲ್ಕನಿಯಲ್ಲಿ ಒಬ್ಬಾಕೆ ಬಟ್ಟೆ ಹರವುವುದನ್ನು ನಿಲ್ಲಿಸಿ ನೋಡಿದಳು. ಅವಳ ಮನೆಯ ನಲ್ಲಿಯಲ್ಲಿ ಬರುತ್ತಿದ್ದುದು ಬಾಲರಾಜು ತಂದು ಹಾಕಿದ ನೀರೇ.

ಅವನನ್ನು ಇಳಿಸಿದರು. “ನಿನ್ ಕೈಯಾರೆ ಕೊಡವ್ವ,” ಎಂದು ಅತ್ತೆ ಮಷೀನನ್ನು ಪದ್ಮಶ್ರೀಯ ಕೈಗಿಟ್ಟಳು. ಗುಂಡಿಯೊಳಗೆ ನಿಂತಿದ್ದ ಮುನಿಯಣ್ಣ ಎರಡು ಕೈ ಚಾಚಿದ. ಅವಳು ಬಗ್ಗಿದಳು. ಬೆರಳು ಬಿಡಲಿಲ್ಲ.

“ಬುಡಮ್ಮಾ,” ಎಂದ ಅವನು, ಬೈಯುವ ದನಿಯಲ್ಲಲ್ಲ. “ಬುಡು. ನಾ ಇಡ್ತೀನಿ.”

ಮೆಲ್ಲಗೆ ಎಳೆದ. ಮಷೀನು ಅವನ ಕೈಗೆ ಹೋಯಿತು. ಅದರ ಬಲಮಗ್ಗುಲಿನ ಹಿಡಿ ಮಾತ್ರ, ಇಬ್ಬರು ಆಡುವಾಗ ಕಳಚಿ ಒಬ್ಬೊಬ್ಬರು ಒಂದೊಂದು ಹಿಡಿಯುವಂಥದ್ದು, ಜಾರಿ ಅವಳ ಮುಷ್ಟಿಯೊಳಗೇ ಉಳಿಯಿತು. ಅವನು ನೋಡಲಿಲ್ಲ. ತಮ್ಮನ ಎದೆಯ ಮೇಲೆ ಮಷೀನನ್ನಿಟ್ಟು, ತಮ್ಮನ ಕೈಯನ್ನು ಅದರ ಮೇಲಿಟ್ಟು, ತನ್ನ ಹೆಗಲ ಮೇಲಿದ್ದ ಹೊಸ ಶಲ್ಯ ತೆಗೆದು ಎಲ್ಲವನ್ನೂ ಮುಚ್ಚಿ ಮೇಲೆ ಹತ್ತಿದ.

ಪಟಾಲಮ್ಮ ಮಣ್ಣು ಹಾಕಿದಳು. ಮುನಿಯಣ್ಣ ಹಾಕಿದ. ಪದ್ಮಶ್ರೀ ಎಡಗೈಯಲ್ಲಿ ಹಾಕಿದಳು. ಬಲಗೈ ಸೆರಗಿನ ಒಳಗಿತ್ತು. ಬಂದವರೆಲ್ಲ ಹಿಡಿಹಿಡಿ ಹಾಕಿ ಕೈ ಕೊಡವಿದರು. ಶಲ್ಯದ ಅಂಚು ಮರೆಯಾಯಿತು.

ಸೆರಗಿನ ಒಳಗೆ ಅವಳ ಹೆಬ್ಬೆರಳು ಹಿಡಿಯ ಮೇಲಿನ ಬಟನ್ ಒತ್ತಿತು. ಹಿಡಿಯ ಅಂಚಿನಲ್ಲಿ ಸಾಸಿವೆಯಷ್ಟು ಸಣ್ಣ ನಾಲ್ಕು ದೀಪಗಳು ಹೊತ್ತಿ, ಆ ತುದಿಯಿಂದ ಈ ತುದಿಗೆ, ಈ ತುದಿಯಿಂದ ಆ ತುದಿಗೆ ಓಡತೊಡಗಿದವು. ತನ್ನ ಮಷೀನು ಎಲ್ಲಿದೆಯೆಂದು ಅದು ಹುಡುಕುವುದು ಹಾಗೆ.

ಓಟ ನಿಂತಿತು. ಮೊದಲ ದೀಪ ಒಂದೇ ನೆಟ್ಟಗೆ ಉರಿಯಿತು. ಹಿಡಿ ಅಂಗೈಯೊಳಗೆ ಒಮ್ಮೆ ನಡುಗಿತು. ಮಣ್ಣಿನ ಕೆಳಗೆ, ಶಲ್ಯದ ಕೆಳಗೆ, ಅವನ ಎದೆಯ ಮೇಲೆ ಅದು ಎಚ್ಚರಾಗಿತ್ತು.

“ಸರೀರಿ ಎಲ್ಲಾ,” ಎಂದು ಯಾರೋ ಕೂಗಿದರು. ಜೆಸಿಬಿ ಮುಂದೆ ಬಂದು, ಬಾಯಿ ತುಂಬ ಮಣ್ಣು ಹೊತ್ತು, ಗುಂಡಿಯ ಮೇಲೆ ಬಗ್ಗಿ ಸುರಿಯಿತು.

ದೀಪಗಳು ಮತ್ತೆ ಓಡತೊಡಗಿದವು, ಆ ತುದಿಯಿಂದ ಈ ತುದಿಗೆ.