ನಾಲ್ಕು ಬೆರಳು ದೂರ

ಈ ಕಸುಬಿನಲ್ಲಿ ನಾನು ಸಾವಿರಾರು ಜನರಿಗೆ ಹೊಡೆದಿದ್ದೇನೆ. ಪೆಟ್ಟು ನಿಜವಾಗಿ ಬಿದ್ದದ್ದು ಒಬ್ಬನಿಗೆ ಮಾತ್ರ. ಚಿತ್ರಲಿಂಗಪ್ಪ ಅಂತ, ನನ್ನ ಜೊತೆಯ ಫೈಟರ್. ತೊಂಬತ್ತೆರಡರಲ್ಲಿ ದುರ್ಗದ ಕೋಟೆಯಲ್ಲಿ ಶೂಟಿಂಗ್. ಹೊಡೆತದಲ್ಲಿ ದಮ್ಮಿಲ್ಲ ಎಂದು ನಿರ್ದೇಶಕ ಆರು ಟೇಕ್ ತೆಗೆಸಿದ. ಏಳನೆಯದಕ್ಕೆ ನನಗೂ ರೇಗಿತ್ತು. ಮುಷ್ಟಿ ಒಂದಿಷ್ಟು ಮುಂದೆ ಹೋಯಿತು. ಉಂಗುರ ಅವನ ಎಡಗಣ್ಣಿಗೆ ನಾಟಿ, ನನ್ನ ಮಣಿಕಟ್ಟಿನವರೆಗೆ ರಕ್ತ ಇಳಿಯಿತು. ಶಾಟ್ ಬಹಳ ಚೆನ್ನಾಗಿ ಬಂದಿದೆ ಎಂದರು. ಕಣ್ಣು ಹೋಯಿತು.

ಅಂದಿನಿಂದ ನಾಲ್ಕು ಬೆರಳಿನ ಲೆಕ್ಕ ಹಿಡಿದೆ. ಎಷ್ಟೇ ಜೋರಾಗಿ ಬೀಸಿದರೂ ಮುಖಕ್ಕೆ ನಾಲ್ಕು ಬೆರಳು ಉಳಿದಿರುವಾಗ ಕೈ ನಿಲ್ಲಬೇಕು. ಮರಳಿನ ಚೀಲಕ್ಕೆ ಸುಣ್ಣ ಬಳಿದು ದಿನಾ ಬೆಳಿಗ್ಗೆ ಮುನ್ನೂರು ಸಲ ಬೀಸುತ್ತಿದ್ದೆ. ಗೆಣ್ಣಿಗೆ ಸುಣ್ಣ ಹತ್ತಿದರೆ ಮತ್ತೆ ಮೊದಲಿನಿಂದ. ಫೈಟ್ ಮಾಸ್ಟರ್ ಬೋರಪ್ಪ ಎಂದು ಹೆಸರಾದ ಮೇಲೆ ನನ್ನ ಫೈಟರ್‌ಗಳಿಗೂ ಅದನ್ನೇ ಕಲಿಸಿದೆ. ಆ ಪೆಟ್ಟಿನಿಂದ ಹನ್ನೆರಡು ವರ್ಷ ನನ್ನ ಕೈಯಿಂದಾಗಲಿ ನನ್ನ ಕೈಕೆಳಗಾಗಲಿ ಯಾರದೂ ಒಂದು ಹಲ್ಲು ಅಲ್ಲಾಡಲಿಲ್ಲ.

ತೊಂಬತ್ತೆರಡರಲ್ಲೇ ತಾಳ್ಯಕ್ಕೆ ಕೊಟ್ಟಿದ್ದ ನನ್ನ ತಂಗಿ ರಂಗಕ್ಕನಿಗೆ ಇದೆಲ್ಲ ಗೊತ್ತಿರಲಿಲ್ಲ. ಅವಳ ಗಂಡ ಕರಿಯಣ್ಣ ಕುಡಿಯದೆಯೂ ಹೊಡೆಯುವವನು. ಉತ್ತರನ ಪೌರುಷ ಒಲೆ ಮುಂದೆ. ಹೊಳಲ್ಕೆರೆಯ ಟಾಕೀಸಿನಲ್ಲಿ ನಾನೊಬ್ಬನೇ ಹತ್ತು ಜನರನ್ನು ಮಲಗಿಸುವುದನ್ನು ಅವನು ನೋಡಿದ್ದ. ಹೊಡೆತ ಮಿತಿಮೀರಿದಾಗ ರಂಗಕ್ಕ ನಮ್ಮಣ್ಣನಿಗೆ ಹೇಳುತ್ತೇನೆ ಎಂದರೆ ಸಾಕು, ಅವನ ಕೈ ಇಳಿಯುತ್ತಿತ್ತಂತೆ. ಆ ಹೆದರಿಕೆಯೇ ಅವಳ ಜೀವ ಕಾಯುತ್ತಿತ್ತು.

ಎರಡು ಸಾವಿರದ ನಾಲ್ಕರ ಬೇಸಿಗೆಯಲ್ಲಿ ಸುದ್ದಿ ಬಂತು. ಅವಳು ನನ್ನ ಹೆಸರೆತ್ತುವ ಮೊದಲೇ ಕರಿಯಣ್ಣ ಗುದ್ದಲಿಯ ಕಾವಿನಿಂದ ಹೊಡೆದು ಅವಳ ಎಡಗೈ ಮುರಿದಿದ್ದ. ಮುಂದಿನ ಸಲ ತಲೆ ಒಡೆಯುತ್ತೇನೆ ಎಂದಿದ್ದ. ಮಾರಿಕಣಿವೆಯಲ್ಲಿ ನಡೆಯುತ್ತಿದ್ದ ಶೂಟಿಂಗ್ ಬಿಟ್ಟು ಹೊರಟೆ.

ಕರಿಯಣ್ಣ ಅಂಗಳದಲ್ಲೇ ಸಿಕ್ಕ, ಅದೇ ಕಾವು ಹಿಡಿದುಕೊಂಡು. ರಂಗಕ್ಕ ಬಾಗಿಲಿಗೆ ಬಂದು ನಿಂತಳು. ಇದ್ದ ಸಿಟ್ಟನ್ನೆಲ್ಲ ಹೆಗಲಿಗೆ ತಂದು ಅವನ ದವಡೆಗೆ ಬೀಸಿದೆ. ಅವನು ಕಣ್ಣು ಮುಚ್ಚಿ ಕುಗ್ಗಿದ.

ಮುಷ್ಟಿ ನಾಲ್ಕು ಬೆರಳು ಈಚೆಗೆ ನಿಂತಿತ್ತು.

ಮತ್ತೆ ಬೀಸಿದೆ. ಮತ್ತೆ ಅಲ್ಲೇ. ಆಣೆ ಮಾಡಿ ಹೇಳುತ್ತೇನೆ, ನಾನು ನಿಲ್ಲಿಸಲಿಲ್ಲ, ಕೈ ತಾನಾಗಿ ನಿಂತಿತು. ಕರಿಯಣ್ಣ ಒಂದು ಕಣ್ಣು ತೆರೆದ, ಆಮೇಲೆ ಇನ್ನೊಂದು. ಅವನ ಮುಖದಿಂದ ಹೆದರಿಕೆ ಇಳಿದುಹೋಗುವುದನ್ನು ನಾನು ನೋಡಿದೆ, ರಂಗಕ್ಕನೂ ನೋಡಿದಳು.

"ಏನ್ ಭಾವ, ಕ್ಯಾಮ್ರಾ ಎಲ್ಲೈತೆ?" ಎಂದ.

ಕಾವು ನನ್ನ ಪಕ್ಕೆಗೆ ಬಿತ್ತು. ಎಲುಬು ಲಟಕ್ಕೆಂದದ್ದು ಕೇಳಿಸಿತು. ಎರಡನೆಯದು ಬಾಯಿಗೆ, ಎರಡು ಹಲ್ಲು ನಾಲಿಗೆಯ ಮೇಲೆ ಉರುಳಿದವು. ಬೇಲಿಯಾಚೆ ಸೇರಿದ ಜನ ಬಿಡಿಸಲು ಬರಲಿಲ್ಲ. ಫೈಟ್ ಮಾಸ್ಟರು ಬಿದ್ದರೂ ಎದ್ದೇ ಏಳುತ್ತಾನೆ ಎಂದು ಅವರ ನಂಬಿಕೆ. ಒಬ್ಬ ಶಿಳ್ಳೆ ಕೂಡ ಹಾಕಿದ. ಕರಿಯಣ್ಣ ಕಾವು ಬಿಸಾಡಿ ನನ್ನ ಹೊಟ್ಟೆಗೆ ಒದೆಯತೊಡಗಿದ. ಇನ್ನು ಮೇಲೆ ಯಾರ ಹೆಸರು ಹೇಳುತ್ತೀಯೆ ಎಂದು ಹೆಂಡತಿಯನ್ನು ಕೇಳುತ್ತಾ ಒದ್ದ.

ಅವಳು ಯಾರ ಹೆಸರನ್ನೂ ಹೇಳಲಿಲ್ಲ. ಬಲಗೈಯಲ್ಲಿ ಕಾವು ಎತ್ತಿಕೊಂಡಳು. ಮೊದಲ ಪೆಟ್ಟು ಅವನ ಮೊಣಕಾಲಿಗೆ. ಕುಸಿದ ಮೇಲೆ ಎರಡನೆಯದು ಕೈಗೆ, ಮೂರನೆಯದು ದವಡೆಗೆ. ಅಷ್ಟು ಕೆಟ್ಟದಾಗಿ ಹೊಡೆಯುವುದನ್ನು ನಾನು ಕಂಡಿಲ್ಲ; ಕಾಲಿಟ್ಟದ್ದು ಸರಿಯಿಲ್ಲ, ಹೆಗಲು ತಿರುಗಿದ್ದು ಸರಿಯಿಲ್ಲ. ಆದರೆ ಒಂದೂ ತಪ್ಪಲಿಲ್ಲ. ಕರಿಯಣ್ಣ ಉಗುಳಿದ ರಕ್ತದಲ್ಲಿ ಹಲ್ಲಿನ ಚೂರುಗಳಿದ್ದವು. ಈಗ ಯಾರೂ ಶಿಳ್ಳೆ ಹಾಕಲಿಲ್ಲ.

"ಸಾಕು ರಂಗಿ, ಸತ್ತೋಗ್ತಾನೆ," ಎಂದೆ.

ಅವಳು ಕಾವು ಕೆಳಗೆ ಹಾಕಿದಳು. "ಏಳಣ್ಣ, ಹೋಗಾಣ," ಎಂದಳು.

ಹೊಳಲ್ಕೆರೆಯ ಬಸ್ಸಿನಲ್ಲಿ ಕುಳಿತಾಗ ಅವಳ ಕೆನ್ನೆಯ ಮೇಲೆ ರಕ್ತ ಕಂಡಿತು, ಅವನದೋ ನನ್ನದೋ. ಒರೆಸೋಣವೆಂದು ಕೈ ಎತ್ತಿದೆ. ಅವಳು ತಟ್ಟನೆ ಎರಡೂ ತೋಳುಗಳಿಂದ ಮುಖ ಮುಚ್ಚಿಕೊಂಡಳು, ಮುರಿದ ಕೈಯನ್ನೂ ಎತ್ತಿ. ನನ್ನ ಕೈ ಅಲ್ಲೇ ನಿಂತಿತು. ಅವಳ ಮೈಗೂ ಒಬ್ಬ ಹನ್ನೆರಡು ವರ್ಷ ದಿನಾ ಅಭ್ಯಾಸ ಮಾಡಿಸಿದ್ದ. ನನಗೆ ಅಳು ಬಂತು.

ಸ್ವಲ್ಪ ಹೊತ್ತಿಗೆ ಅವಳು ತೋಳು ಇಳಿಸಿದಳು. ಇನ್ನೂ ಗಾಳಿಯಲ್ಲೇ ಇದ್ದ ನನ್ನ ಕೈಯನ್ನು ಹಿಡಿದು, ಉಳಿದ ನಾಲ್ಕು ಬೆರಳು ದೂರವನ್ನು ತಾನೇ ದಾಟಿಸಿ, ಕೆನ್ನೆಗೆ ಒತ್ತಿಕೊಂಡಳು.