ಸೊನ್ನೆ ಕಸ

“ಕಳ್ಳಮುಂಡೆ, ಬಿಚ್ಚೇ ಚೀಲಾನ!”

ಬಿಚ್ಚುವ ತನಕ ಮ್ಯಾನೇಜರನಿಗೆ ತಾಳ್ಮೆ ಎಲ್ಲಿ? ತಾನೇ ಕಿತ್ತುಕೊಂಡು ಬೋರಲು ಹಾಕಿದ. ಊಟದ ಡಬ್ಬಿ ಬಿತ್ತು, ಬಾಚಣಿಗೆ ಬಿತ್ತು, ಕೊನೆಗೆ ನಿನ್ನೆಗೇ ತಾರೀಖು ಮುಗಿದ ಎರಡು ಬ್ರೆಡ್ಡು.

ಬೆಳಗಿನ ಪಾಳಿ ಮುಗಿಸಿ ಸೂಪರ್ ಮಾರ್ಕೆಟ್ಟಿನ ಹಿಂಬಾಗಿಲಲ್ಲಿ ನಾವು ಆರು ಜನ ಸಾಲಾಗಿ ನಿಂತಿದ್ದೆವು. ಚೀಲ ಫಿನಾಯಿಲಕ್ಕನದು. ಅವಳು ತಲೆ ತಗ್ಗಿಸಲಿಲ್ಲ. ತಾರೀಖು ಮುಗಿದ ತಿನಿಸನ್ನೆಲ್ಲ ಕ್ರೇಟಿಗೆ ತುಂಬಿ, ಪೊಟ್ಟಣ ಹರಿದು, ಯಾರೂ ಬಾಯಿಗಿಡದಂತೆ ಮೇಲೆ ಫಿನಾಯಿಲು ಸುರಿಯುವುದು ಅವಳ ಕೆಲಸ. ಹೆಸರು ಬಂದದ್ದೂ ಅಲ್ಲಿಂದಲೇ. ಈ ಎರಡಕ್ಕೆ ಮಾತ್ರ ಸುರಿದಿರಲಿಲ್ಲ. ಮನೆಯಲ್ಲಿ ಹಾಸಿಗೆ ಹಿಡಿದ ಅತ್ತೆ, ಹಲ್ಲಿಲ್ಲದ ಬಾಯಿ.

“ಕಸ ಕಣ್ರೀ ಅದು. ಬಿಸಾಕೋದನ್ನ ತಗೊಂಡೆ.”

“ಕಸ ಆದ್ರೂ ಕಂಪ್ನೀದು! ಬಹುಮಾನದೋರು ಈಗ ಬರ್ತಾರೆ. ಅವರು ಹೋಗ್ಲಿ, ನಿನ್ನ ಕಳ್ಳತನ ಬರೆದು ಮನೆಗೆ ಅಟ್ತೀನಿ.”

ಬಹುಮಾನವೆಂದರೆ ‘ಹಸಿರು ಅಂಗಡಿ’ ಬಹುಮಾನ. ಭೂಮಿಯನ್ನು ಉಳಿಸುವ ಕೆಲಸ ನಮ್ಮಲ್ಲಿ ಆರು ತಿಂಗಳಿಂದ ಭರದಿಂದ ನಡೆದಿತ್ತು. ನಾವು ಬಟ್ಟೆ ಬದಲಾಯಿಸುವ ಕೋಣೆಯ ಫ್ಯಾನು ಬಿಚ್ಚಿದರು. ಮುಂದುಗಡೆ ಬಾಗಿಲಿಲ್ಲದ ಫ್ರಿಜ್ಜುಗಳು ರಸ್ತೆಗೂ ತಂಪು ಹಂಚುತ್ತಿದ್ದವು. ಬಾಗಿಲಿಟ್ಟರೆ ಗಿರಾಕಿ ಕೈ ಚಾಚುವುದಿಲ್ಲವಂತೆ. ಕೈಗವಸು ಪ್ಲಾಸ್ಟಿಕ್ಕೆಂದು ಅದನ್ನೂ ನಿಲ್ಲಿಸಿದರು. ಫಿನಾಯಿಲಕ್ಕನ ಬೆರಳ ಸಂದಿ ಸುಲಿದು ಕೆಂಪಾದದ್ದು ಹಾಗೆ. ಮುಂಬಾಗಿಲ ಮೇಲೆ ಹಸಿರು ಬೋರ್ಡು: ‘ಇಲ್ಲಿ ಕಸ ಸೊನ್ನೆ. ಉಳಿದ ಆಹಾರವೆಲ್ಲ ಹಸಿದವರಿಗೆ.’

ತರಕಾರಿ ಆರಿಸುವ ಚಿಕ್ಕಮ್ಮ ಕಿಸಕ್ಕನೆ ನಕ್ಕಳು. “ಏನ್ ಕದ್ಲು ಅಂತ ಬರೀತೀರಿ ಸಾರ್? ಕಸ ಅಂತಲಾ?”

“ಹೌದು ಮತ್ತೆ!”

“ಬೋರ್ಡಲ್ಲಿ ಕಸ ಸೊನ್ನೆ ಅಂತ ಇದೆಯಲ್ಲ. ಇಲ್ದೇ ಇರೋದನ್ನ ಹೆಂಗೆ ಕದ್ಲು?”

“ಆಹಾರ ಅಂತ ಬರೀಲಿ ಬಿಡು ಚಿಕ್ಕಮ್ಮ,” ಎಂದಳು ಫಿನಾಯಿಲಕ್ಕ. “ಆಹಾರ ಆದ್ರೆ ಹಸಿದೋರಿಗಂತೆ. ನಾನೇನು ತೇಗ್ತಾ ನಿಂತಿದೀನಾ?”

ಮ್ಯಾನೇಜರ್ ಬೂಟುಗಾಲಿನಿಂದ ಬ್ರೆಡ್ಡನ್ನು ಬಾಗಿಲ ಪಕ್ಕದ ಕ್ರೇಟಿನತ್ತ ಒದ್ದ.

“ನಾಲಿಗೆ ಉದ್ದ ಆಯ್ತಾ, ಬೇವರ್ಸಿ? ಸುರಿಯೇ! ನನ್ ಕಣ್ಣೆದುರಿಗೇ ಸುರಿ. ಆಮೇಲೆ ತೊಲಗು.”

“ಸುರೀತೀನಿ ಸ್ವಾಮಿ. ಎಲ್ಲಿ ಸುರೀಬೇಕೋ ಅಲ್ಲೇ ಸುರೀತೀನಿ.”

ಒದೆಸಿಕೊಂಡ ಬ್ರೆಡ್ಡುಗಳನ್ನು ಹೆಕ್ಕಿ ಕ್ರೇಟಿಗೆ ಹಾಕಿ, ಕ್ರೇಟನ್ನು ಸೊಂಟಕ್ಕೇರಿಸಿದಳು. ಚಿಕ್ಕಮ್ಮ ಅಲ್ಲೇ ಇದ್ದ ಫಿನಾಯಿಲಿನ ಬಕೀಟು ಎತ್ತಿಕೊಂಡಳು. ಇಬ್ಬರೂ ಅಂಗಡಿಯೊಳಕ್ಕೆ ನುಗ್ಗಿದರು. ಉಳಿದ ನಾವು ಹೇಗೋ ಮ್ಯಾನೇಜರನ ದಾರಿಗೆ ಅಡ್ಡವಾಗಿಬಿಟ್ಟೆವು. ಅಲ್ಲಿನ ಓಣಿ ಕಿರಿದು, ನಮ್ಮ ತಪ್ಪಲ್ಲ.

ಸೋಪಿನ ಸಾಲು, ಬಿಸ್ಕತ್ತಿನ ಸಾಲು ದಾಟಿದರು. ತಾನಾಗಿ ತೆರೆದುಕೊಳ್ಳುವ ಗಾಜಿನ ಬಾಗಿಲು ಅವರಿಗೂ ತೆರೆದುಕೊಂಡಿತು. ಅದಕ್ಕಿನ್ನೂ ಯಾರೂ ಬುದ್ಧಿ ಹೇಳಿರಲಿಲ್ಲ. ಬಹುಮಾನದವರು ಆಗಷ್ಟೇ ಕಾರಿನಿಂದಿಳಿದು ಬೋರ್ಡಿನ ಕೆಳಗೆ ಫೋಟೋಕ್ಕೆ ನಿಂತಿದ್ದರು. ಫಿನಾಯಿಲಕ್ಕ ಅವರ ಕಾಲ ಬುಡದಲ್ಲಿ ಕ್ರೇಟಿಟ್ಟು, ಪೊಟ್ಟಣ ಹರಿದು, ಚಿಕ್ಕಮ್ಮನ ಕೈಯಿಂದ ಬಕೀಟು ಇಸಿದುಕೊಂಡು ಬಗ್ಗಿಸಿದಳು. ನೀರು ಬೆರೆತ ಫಿನಾಯಿಲು ಬೆಳ್ಳಗೆ ಇಳಿದು ಬ್ರೆಡ್ಡನ್ನು ನೆನೆಸಿತು.

ಅವರಲ್ಲೊಬ್ಬ ಕನ್ನಡಕದ ಸಾಹೇಬರ ಮುಖ ಅರಳಿತು. “ಓಹೋ, ಬಡವರಿಗೆ ಹಾಲು ಬ್ರೆಡ್ಡಾ?”

“ಹೂಂ ಸ್ವಾಮಿ, ದಿನಾ ಇದೇ ಹಾಕೋದು.” ತೊಟ್ಟಿಕ್ಕುವ ತುಂಡೊಂದನ್ನು ಸುಲಿದ ಬೆರಳುಗಳಲ್ಲಿ ಎತ್ತಿ ಅವರ ಬಾಯಿಯ ಹತ್ತಿರ ಹಿಡಿದಳು. “ನೀವೂ ಒಂಚೂರು ತಿನ್ನಿ.”

ವಾಸನೆ ಅವರ ಮೂಗಿಗೆ ಬಡಿಯುವುದಕ್ಕೂ ಕ್ಯಾಮರಾ ಕ್ಲಿಕ್ಕೆನ್ನುವುದಕ್ಕೂ ಸರಿಹೋಯಿತು.